6/6 ಇದ್ದರೂ ಮೊಸಳೆ ಯಾಕೆ ಕಾಣಲಿಲ್ಲ?

ರಂಗನತಿಟ್ಟಿನಲ್ಲಿ ದೋಣಿ ಹತ್ತಿದ್ದೆವು. ಬೆಳಗ್ಗೆ 9 ಗಂಟೆ ಇರಬೇಕು. ಹುಟ್ಟು ಹಾಕುತ್ತಿದ್ದವರು ದೋಣಿ ನಿಧಾನ ಮಾಡಿ, ‘ನೋಡಿ ಸಾರ್, ಆ ಬಂಡೆ ಮೇಲೆ ಮೊಸಳೆ’ ಎಂದರು. ಪಕ್ಕದಲ್ಲಿದ್ದ ಹುಡುಗನಿಗೆ ಕಂಡಿತು. ಅವನ ಅಜ್ಜಿಗೂ ಕಂಡಿತು. ನನಗೆ ಕಂಡದ್ದು ಬಂಡೆ, ನೀರು, ನೀರಿನ ಮೇಲೆ ಫಳಫಳ ಹೊಳೆಯುವ ಬಿಸಿಲು, ಅಷ್ಟೇ. ಹದಿನೈದು ದಿನದ ಹಿಂದಷ್ಟೇ ಕಣ್ಣು ಪರೀಕ್ಷೆ ಮಾಡಿಸಿ ಹೊಸ ಕನ್ನಡಕ ಹಾಕಿಕೊಂಡಿದ್ದೆ. ಚೀಟಿಯಲ್ಲಿ ಎರಡೂ ಕಣ್ಣಿಗೆ 6/6 ಎಂದು ಬರೆದಿದ್ದರು.

ಆ ದಿನದಿಂದ ಈ ಪ್ರಶ್ನೆ ನನ್ನನ್ನು ಬಿಡಲಿಲ್ಲ. ಹಕ್ಕಿ ನೋಡುವವರು, ಚಾರಣ ಹೋಗುವವರು, ನಸುಕಿನಲ್ಲೇ ಸೈಕಲ್ ಹತ್ತುವವರು ‘ಸ್ವಲ್ಪ ಮಬ್ಬು ಕಾಣ್ತಿದೆ’ ಎಂದ ತಕ್ಷಣ ಎರಡು ಕೆಲಸ ಮಾಡುತ್ತಾರೆ. ಕನ್ನಡಕದ ನಂಬರ್ ಬದಲಿಸುತ್ತಾರೆ, ಇಲ್ಲವೇ ದುಬಾರಿ ಬೈನಾಕ್ಯುಲರ್ ಕೊಳ್ಳುತ್ತಾರೆ. ಎಷ್ಟೋ ಸಲ ತೊಂದರೆ ಇರುವುದು ಈ ಎರಡರಲ್ಲೂ ಅಲ್ಲ.

ಮೊದಲು ಆ 6/6 ಏನು ಹೇಳುತ್ತದೆ ನೋಡೋಣ. ಗೋಡೆಯ ಮೇಲೆ ಸಾಲುಸಾಲು ಅಕ್ಷರ ಇರುವ ಹಲಗೆಯನ್ನು 1862ರಲ್ಲಿ ಮಾಡಿಕೊಟ್ಟವರು ನೆದರ್ಲ್ಯಾಂಡ್ಸಿನ ಕಣ್ಣಿನ ವೈದ್ಯ ಹರ್ಮನ್ ಸ್ನೆಲ್ಲನ್. ಸಾಮಾನ್ಯ ಕಣ್ಣು 6 ಮೀಟರ್ ದೂರದಿಂದ ಓದಬಲ್ಲ ಸಾಲನ್ನು ನೀವೂ 6 ಮೀಟರಿನಿಂದ ಓದಿದರೆ 6/6. ಸಾಮಾನ್ಯ ಕಣ್ಣು 12 ಮೀಟರಿನಿಂದ ಓದುವುದನ್ನು ನೀವು 6 ಮೀಟರಿಗೆ ಬಂದು ಓದಿದರೆ 6/12. 6/6 ಸಾಲಿನ ಅಕ್ಷರದ ಎತ್ತರ 9 ಮಿಲಿಮೀಟರಿಗೆ ಒಂಚೂರು ಕಡಿಮೆ. ಅದರ ಒಂದೊಂದು ಗೆರೆಯ ದಪ್ಪ ನಿಮ್ಮ ಕಣ್ಣಿಗೆ ಒಂದು ಡಿಗ್ರಿಯ 60ನೇ ಒಂದು ಭಾಗದಷ್ಟು ಕಾಣುತ್ತದೆ.

ಇದನ್ನು ಬಯಲಿಗೆ ತಂದರೆ ಹೀಗಾಗುತ್ತದೆ. 100 ಮೀಟರ್ ದೂರದಲ್ಲಿರುವ ಎರಡು ಗುರುತುಗಳ ನಡುವೆ ಸುಮಾರು 3 ಸೆಂಟಿಮೀಟರ್ ಅಂತರ ಇದ್ದರೆ 6/6 ಕಣ್ಣು ಅವನ್ನು ಬೇರೆಬೇರೆಯಾಗಿ ಕಾಣುತ್ತದೆ. 6/12 ಕಣ್ಣಿಗೆ 6 ಸೆಂಟಿಮೀಟರ್ ಬೇಕು. ಮೊಸಳೆ ಅಷ್ಟು ಚಿಕ್ಕದಲ್ಲ. ಅದು ಮಲಗಿದ್ದ ಬಂಡೆ 50 ಮೀಟರ್ ದೂರವೂ ಇರಲಿಲ್ಲ. ಅಂದರೆ ಹಲಗೆ ಅಳೆಯುವ ಆ ಒಂದು ಗುಣ ನನ್ನ ಕಣ್ಣಿನಲ್ಲಿ ಬೇಕಾದಷ್ಟಿತ್ತು. ಹಲಗೆಯ ಮೇಲೆ ಇರುವುದು ಬಿಳಿಯ ಮೇಲೆ ಕಡುಗಪ್ಪು, ಅದೂ ಒಳ್ಳೆಯ ಬೆಳಕಿನಲ್ಲಿ, ಅಲುಗದೆ ನಿಂತದ್ದು. ಕಾವೇರಿಯ ಬಂಡೆಯ ಮೇಲೆ ಇದ್ದದ್ದು ಬೂದಿ ಬಣ್ಣದ ಮೇಲೆ ಬೂದಿ ಬಣ್ಣ.

ಹಾಗಂತ ನಂಬರ್ ಬೇಡವೇ ಬೇಡ ಅಂತಲ್ಲ. ನಂಬರ್ ತಪ್ಪಿದ್ದರೆ ಮುಂದಿನದ್ದೆಲ್ಲ ವ್ಯರ್ಥ. ಮನೆಯಲ್ಲೇ ಮಾಡಬಹುದಾದ ಒಂದು ಪರೀಕ್ಷೆ ಇದೆ. ದಪ್ಪ ರಟ್ಟಿಗೆ ಸೂಜಿಯಿಂದ ಸುಮಾರು 1 ಮಿಲಿಮೀಟರಿನ ತೂತು ಮಾಡಿ. ಒಂದು ಕಣ್ಣು ಮುಚ್ಚಿ, ನೀವು ಈಗ ಹಾಕುವ ಕನ್ನಡಕದ ಮುಂದೆ ಅದನ್ನು ಹಿಡಿದು ದೂರದ ಬೋರ್ಡು ಓದಿ. ತೂತಿನ ಮೂಲಕ ಅಕ್ಷರ ಇನ್ನೂ ಚೂಪಾಗಿ ಕಂಡರೆ ಕನ್ನಡಕದ ನಂಬರಿನಲ್ಲಿ ಏನೋ ಕೊರತೆ ಇರುವ ಸಾಧ್ಯತೆ ಜಾಸ್ತಿ. ತೂತಿನಲ್ಲೂ ಅಷ್ಟೇ ಮಬ್ಬಾಗಿದ್ದರೆ ಕಾರಣ ಬೇರೆ. ಪೊರೆ ಇರಬಹುದು, ಕಣ್ಣಿನ ಹಿಂಭಾಗದಲ್ಲಿ ಬೆಳಕನ್ನು ಹಿಡಿಯುವ ಪದರ, ರೆಟಿನಾದಲ್ಲಿ ಏನಾದರೂ ಇರಬಹುದು. ಆಗ ಕನ್ನಡಕದ ಅಂಗಡಿಗೆ ಹೋಗಬೇಡಿ, ಕಣ್ಣಿನ ವೈದ್ಯರ ಹತ್ತಿರ ಹೋಗಿ.

ಇನ್ನೊಂದು ಪರೀಕ್ಷೆ ಇದಕ್ಕಿಂತ ಸುಲಭ. ಗಟ್ಟಿಯಾಗಿ ಎರಡು ಸಲ ಕಣ್ಣು ಪಿಳುಕಿಸಿ. ತಕ್ಷಣ ಚೂಪಾಗಿ, ಕೆಲವೇ ಸೆಕೆಂಡಿನಲ್ಲಿ ಮತ್ತೆ ಮಬ್ಬಾದರೆ ಕಣ್ಣೀರಿನ ಪದರ ಒಣಗುತ್ತಿದೆ ಎಂದು ಅರ್ಥ. ಬೆಳಕನ್ನು ಬಗ್ಗಿಸಿ ಒಂದೆಡೆ ಕೂಡಿಸುವ ಶಕ್ತಿ ಕಣ್ಣಿಗೆ ಒಟ್ಟು ಸುಮಾರು 60 ಡಯಾಪ್ಟರ್ (ಲೆನ್ಸಿನ ಶಕ್ತಿ ಅಳೆಯುವ ಮಾನ). ಅದರಲ್ಲಿ 43ರಷ್ಟು ಕೆಲಸ ಕಣ್ಣಿನ ಮುಂದಿನ ಪಾರದರ್ಶಕ ಪದರವಾದ ಕಾರ್ನಿಯಾದ್ದು. ಅದರ ಮೇಲೆ ಹರಡಿರುವ ತೆಳು ಕಣ್ಣೀರೇ ಕಣ್ಣಿನ ಮೊದಲ ಲೆನ್ಸ್. ಬೈಕಿನಲ್ಲಿ ಗಾಳಿ ಹೊಡೆಸಿಕೊಂಡು ಬಂದ ಮೇಲೆ, ಬೈನಾಕ್ಯುಲರಿನಲ್ಲಿ ರೆಪ್ಪೆ ಬಡಿಯದೆ ಐದು ನಿಮಿಷ ನೋಡಿದ ಮೇಲೆ ಆ ಪದರ ಹರಿದುಹೋಗುತ್ತದೆ. ಎಷ್ಟೋ ಜನ ಆಗ ಫೋಕಸ್ ಚಕ್ರ ತಿರುಗಿಸುತ್ತಾರೆ. ತಿರುಗಿಸಬೇಕಾದ್ದಿಲ್ಲ, ಸುಮ್ನೆ ಒಂದು ಸಲ ಕಣ್ಣು ಮುಚ್ಚಿ ತೆಗೆದರೆ ಸಾಕು.

ನಂಬರ್ ವಿಷಯದಲ್ಲಿ ನಾನು ಒತ್ತಿ ಹೇಳಬೇಕಾದ್ದು ಸಿಲಿಂಡರ್ ಬಗ್ಗೆ. ಕಾರ್ನಿಯಾ ಚೆಂಡಿನಂತೆ ಗುಂಡಗಿರದೆ ಒಂದು ದಿಕ್ಕಿನಲ್ಲಿ ಜಾಸ್ತಿ ಬಾಗಿದ್ದರೆ ಸಿಲಿಂಡರ್ ಪವರ್ ಬೇಕಾಗುತ್ತದೆ. ಅರ್ಧ ಪಾಯಿಂಟ್ ಸಿಲಿಂಡರ್ ಇದ್ದರೆ ‘ಅದೇನು ಮಹಾ’ ಎಂದು ಬಿಟ್ಟುಬಿಡುವುದುಂಟು. ಟಿವಿ ನೋಡಲು, ಪೇಪರ್ ಓದಲು ಅದು ಅಡ್ಡಿಯಾಗದೇ ಇರಬಹುದು. ಆದರೆ ಬಿದಿರು ಮೆಳೆಯಲ್ಲಿ, ಒಣಹುಲ್ಲಿನಲ್ಲಿ, ಕೊಂಬೆಗಳ ನಡುವೆ ಹುಡುಕುವಾಗ ಒಂದು ದಿಕ್ಕಿನ ಗೆರೆಗಳೆಲ್ಲ ಕಲಸಿಹೋಗುತ್ತವೆ. ಅದರ ಆಕ್ಸಿಸ್, ಅಂದರೆ ಆ ಪವರನ್ನು ಯಾವ ಕೋನದಲ್ಲಿ ಕೂರಿಸಬೇಕು ಎಂಬುದು ಕೂಡ ಅಷ್ಟೇ ಮುಖ್ಯ. ಆಕ್ಸಿಸ್ 10 ಡಿಗ್ರಿ ತಿರುಗಿದರೆ ಸಿಲಿಂಡರಿನ ಲಾಭದಲ್ಲಿ ಮೂರನೇ ಒಂದು ಭಾಗ ಹೋಯಿತು. 30 ಡಿಗ್ರಿ ತಿರುಗಿದರೆ ಹಾಕಿಕೊಂಡಿದ್ದೂ ಒಂದೇ, ಬಿಟ್ಟಿದ್ದೂ ಒಂದೇ. ನನ್ನ ಹಳೆಯ ಗುಂಡು ಫ್ರೇಮಿನಲ್ಲಿ ಸ್ಕ್ರೂ ಸಡಿಲವಾಗಿ ಲೆನ್ಸೇ ತಿರುಗಿಕೊಂಡಿತ್ತು. ತಿಂಗಳುಗಟ್ಟಲೆ ತಲೆನೋವು ಅನುಭವಿಸಿದೆ. ಹೊರಗೆ ಜಾಸ್ತಿ ಓಡಾಡುವವರು ಗುಂಡು ಫ್ರೇಮ್ ತೆಗೆದುಕೊಳ್ಳದಿರುವುದೇ ಒಳ್ಳೆಯದು ಎನ್ನುವುದು ನನ್ನ ಗಟ್ಟಿ ಅಭಿಪ್ರಾಯ.

ಸಕ್ಕರೆ ಕಾಯಿಲೆ ಇರುವವರಿಗೆ ಒಂದು ಮಾತು. ರಕ್ತದಲ್ಲಿ ಸಕ್ಕರೆ ಏರಿಳಿದರೆ ಕಣ್ಣೊಳಗಿನ ಲೆನ್ಸ್ ಊದಿ ಇಳಿದು ನಂಬರೂ ಏರಿಳಿಯುತ್ತದೆ. ಸಕ್ಕರೆ ಹತೋಟಿಗೆ ಬಂದು ಕೆಲವು ವಾರ ಆದಮೇಲೆ ಪರೀಕ್ಷೆ ಮಾಡಿಸಿ.

ಚಾಳೀಸು ಬಂದವರು ಚಾರಣಕ್ಕೆ, ಒಂದೇ ಗಾಜಿನಲ್ಲಿ ದೂರ, ಹತ್ತಿರ ಎರಡೂ ನಂಬರ್ ಇರುವ ಪ್ರೋಗ್ರೆಸಿವ್ ಕನ್ನಡಕ ಹಾಕಿಕೊಂಡು ಹೋಗುವುದು ನನಗೆ ಭಯ ಹುಟ್ಟಿಸುತ್ತದೆ. ಆ ಲೆನ್ಸಿನ ಕೆಳಭಾಗ ಓದುವುದಕ್ಕೆ, ಅಂದರೆ ಒಂದೂವರೆ ಅಡಿ ದೂರಕ್ಕೆ ಮಾಡಿದ್ದು. 1712 ಮೀಟರ್ ಎತ್ತರದ ಕುಮಾರಪರ್ವತ ಏರಿ, ದಣಿದ ಕಾಲಲ್ಲಿ ದಾರಿಯ ತಂಗುದಾಣವಾದ ಭಟ್ಟರ ಮನೆ ಕಡೆ ಇಳಿಯುವಾಗ ನೀವು ನೋಡುವುದು ಐದಾರು ಅಡಿ ಕೆಳಗಿರುವ ಕಲ್ಲನ್ನು. ಆ ಕಲ್ಲು ಲೆನ್ಸಿನ ತಪ್ಪು ಭಾಗದಲ್ಲಿ ಬೀಳುತ್ತದೆ. ಅಂಚು ಎಲ್ಲಿದೆ, ಎಷ್ಟು ಆಳ ಇದೆ ಎಂಬ ಅಂದಾಜೇ ತಪ್ಪುತ್ತದೆ. ಬೆಟ್ಟಕ್ಕೆಂದೇ ದೂರದ ನಂಬರ್ ಮಾತ್ರ ಇರುವ ಒಂದು ಜೊತೆ ಮಾಡಿಸಿಟ್ಟುಕೊಳ್ಳಿ. ಮೊಬೈಲ್ ನೋಡಲು ಜೇಬಿನಲ್ಲಿ ಇನ್ನೊಂದು ಇರಲಿ.

ಈಗ ಬೂದಿಯ ಮೇಲೆ ಬೂದಿ ಬಣ್ಣದ ಮಾತಿಗೆ ಬರೋಣ. ಕ್ರಿಕೆಟ್ ನೋಡುವವರಿಗೆ ಇದು ಬೇಗ ಅರ್ಥವಾಗುತ್ತದೆ. ಟೆಸ್ಟಿನಲ್ಲಿ ಕೆಂಪು ಚೆಂಡು, ಬೌಲರ್ ಬೆನ್ನ ಹಿಂದೆ ಬಿಳಿಯ ಸೈಟ್ ಸ್ಕ್ರೀನ್. ಒನ್ ಡೇ ಪಂದ್ಯದಲ್ಲಿ ಬಿಳಿ ಚೆಂಡು, ಹಿಂದೆ ಕಪ್ಪು ಸ್ಕ್ರೀನ್. ಆ ಸ್ಕ್ರೀನ್ ಮುಂದೆ ಯಾರಾದರೂ ಅಡ್ಡಾಡಿದರೆ ಬ್ಯಾಟ್ಸ್‌ಮನ್ ಕೈ ಎತ್ತಿ ಆಟ ನಿಲ್ಲಿಸುತ್ತಾನೆ. ಅವನ ಕಣ್ಣು ಕೆಟ್ಟಿಲ್ಲ, ಚೆಂಡೂ ಚಿಕ್ಕದಾಗಿಲ್ಲ. ಚೆಂಡಿಗೂ ಅದರ ಹಿಂದಿನದಕ್ಕೂ ಇರುವ ವ್ಯತ್ಯಾಸ ಕಡಿಮೆಯಾಯಿತು, ಅಷ್ಟೇ. ಇದನ್ನೇ ಕಾಂಟ್ರಾಸ್ಟ್ ಎನ್ನುತ್ತಾರೆ. ಕಾಡಿನಲ್ಲಿ, ನೀರಿನ ಮೇಲೆ, ಮಂಜಿನಲ್ಲಿ ನಾವು ಸೋಲುವುದು ಹೆಚ್ಚಾಗಿ ಇದರಲ್ಲೇ.

ಕಾಂಟ್ರಾಸ್ಟ್ ಕೊಲ್ಲುವ ಮೊದಲ ಶತ್ರು ಕೊಳೆ. ಕನ್ನಡಕದ ಮೇಲೆ ಬೆರಳಿನ ಎಣ್ಣೆ ಇದ್ದರೆ ಬಿಸಿಲು ಅಲ್ಲಿ ಚದುರಿ, ಇಡೀ ದೃಶ್ಯದ ಮೇಲೆ ತೆಳು ಬಿಳಿ ಪರದೆ ಹಾಸಿದ ಹಾಗೆ ಆಗುತ್ತದೆ. ಅಂಗಿಯ ತುದಿಯಿಂದ ಒರೆಸಿದರೆ ಧೂಳಿನ ಕಣ ಗೀರುತ್ತದೆ. ಮೊದಲು ನೀರು, ಆಮೇಲೆ ಒಂದು ಹನಿ ಸೋಪು, ಆಮೇಲೆ ಮೆತ್ತನೆ ಬಟ್ಟೆ. ಎರಡನೆಯದು ಪಕ್ಕದಿಂದ ಕಣ್ಣಿಗೆ ನುಗ್ಗುವ ಬೆಳಕು. ಅದಕ್ಕೆ ಅಗಲ ಅಂಚಿನ ಟೋಪಿಗಿಂತ ಒಳ್ಳೆಯ ಮದ್ದಿಲ್ಲ. ಹಳ್ಳಿಯ ಹಿರಿಯರು ಹಣೆಗೆ ಅಂಗೈ ಅಡ್ಡ ಹಿಡಿದು ದೂರ ನೋಡುತ್ತಾರಲ್ಲ, ಅದು ಇದೇ ವಿದ್ಯೆ. ಕನ್ನಡಕಕ್ಕೆ ಆ್ಯಂಟಿ ರಿಫ್ಲೆಕ್ಷನ್ ಲೇಪ ಹಾಕಿಸಿ. ಲೇಪ ಇಲ್ಲದ ಲೆನ್ಸ್ ಸುಮಾರು ನೂರಕ್ಕೆ 8 ಪಾಲು ಬೆಳಕನ್ನು ಎರಡು ಮೈಯಿಂದ ವಾಪಸ್ ಕಳಿಸುತ್ತದೆ. ಬೆನ್ನ ಹಿಂದಿನ ಸೂರ್ಯ ಲೆನ್ಸಿನ ಒಳಮೈಗೆ ಬಡಿದು ನಿಮ್ಮ ಕಣ್ಣಿಗೇ ಬೀಳುವುದು ಇದರಿಂದಲೇ.

ದೋಣಿಯಲ್ಲಿ ನನ್ನನ್ನು ಕೆಡಿಸಿದ್ದು ನೀರಿನ ಹೊಳಪು. ಬೆಳಕಿನ ಅಲೆ ಎಲ್ಲ ದಿಕ್ಕಿಗೂ ಕಂಪಿಸುತ್ತಿರುತ್ತದೆ. ನೀರಿಗೆ ಬಡಿದು ಚಿಮ್ಮಿದ ಬೆಳಕು ಮಾತ್ರ ಹೆಚ್ಚಾಗಿ ಅಡ್ಡಡ್ಡ ಕಂಪಿಸುತ್ತದೆ. ಪೋಲರೈಸ್ಡ್ ಕನ್ನಡಕ ಆ ಅಡ್ಡ ಕಂಪನವನ್ನು ತಡೆದು ಉದ್ದ ಕಂಪನವನ್ನು ಮಾತ್ರ ಒಳಗೆ ಬಿಡುತ್ತದೆ. ಹೊಳಪು ಆರಿಹೋಗಿ ನೀರಿನೊಳಗಿನ ಕಲ್ಲು, ಮೀನು ಕಾಣತೊಡಗುತ್ತದೆ. ನೀರನ್ನು ಸ್ವಲ್ಪ ಇಳಿಜಾರಾಗಿ, ಸುಮಾರು 37 ಡಿಗ್ರಿ ಕೆಳಕ್ಕೆ ನೋಡಿದಾಗ ಇದರ ಪರಿಣಾಮ ಎಲ್ಲಕ್ಕಿಂತ ಜಾಸ್ತಿ. ತೀರಾ ದೂರದ ನೀರಿನ ಮೇಲೆ ಅಷ್ಟಿಲ್ಲ. ತಲೆ ಓರೆ ಮಾಡಿದರೂ ಕಡಿಮೆಯಾಗುತ್ತದೆ. ಅಂಗಡಿಯಲ್ಲಿ ನಿಜವಾದದ್ದೋ ಅಲ್ಲವೋ ತಿಳಿಯಲು ಅಂಥ ಎರಡು ಕನ್ನಡಕ ತೆಗೆದುಕೊಂಡು, ಒಂದರ ಮೇಲೊಂದು ಹಿಡಿದು, ಒಂದನ್ನು ಕಾಲು ಸುತ್ತು ತಿರುಗಿಸಿ. ಎರಡೂ ಅಸಲಿಯಾದರೆ ನಡುವೆ ಪೂರ್ತಿ ಕತ್ತಲಾಗುತ್ತದೆ.

ಬರೀ ಕಪ್ಪು ಗಾಜು ಇದ್ದರೆ ಸಾಲದು. ಕಪ್ಪು ಗಾಜಿನ ಹಿಂದೆ ಕಣ್ಣಿನ ಪಾಪೆ ಅಗಲವಾಗುತ್ತದೆ. ಆ ಗಾಜು ನೇರಳಾತೀತ (ಯುವಿ) ಕಿರಣ ತಡೆಯದಿದ್ದರೆ ಮುಂಚಿಗಿಂತ ಜಾಸ್ತಿ ಕಿರಣ ಒಳಗೆ ಹೋಗುತ್ತದೆ. ಯುವಿ 400 ಎಂದು ಇರುವುದನ್ನೇ ಕೊಳ್ಳಿ. ಒಳ್ಳೆಯ ಅಂಗಡಿಯಲ್ಲಿ ಅದನ್ನು ಅಳೆಯುವ ಚಿಕ್ಕ ಮೀಟರ್ ಇರುತ್ತದೆ, ಕೇಳಿ ನೋಡಿ. ಬಣ್ಣದ ವಿಷಯದಲ್ಲಿ, ಹಕ್ಕಿಯ ನಿಜ ಬಣ್ಣ ಬೇಕಾದವರಿಗೆ ಬೂದಿ ಗಾಜು. ಮಸುಕು ಹವೆಯಲ್ಲಿ ನೀಲಿ ಬೆಳಕು ಜಾಸ್ತಿ ಚದುರುವುದರಿಂದ ಅದನ್ನು ಸ್ವಲ್ಪ ತಡೆಯುವ ಕಂದು ಗಾಜಿನಲ್ಲಿ ದಾರಿಯ ಕಲ್ಲು, ಗುಂಡಿ ಎದ್ದು ಕಾಣುತ್ತವೆ. ರಾತ್ರಿ ಡ್ರೈವಿಂಗಿಗೆ ಎಂದು ಮಾರುವ ಹಳದಿ ಕನ್ನಡಕ ಮಾತ್ರ ಬೇಡ. ಮೊದಲೇ ಬೆಳಕು ಕಡಿಮೆ, ಅದರಲ್ಲೂ ಒಂದಿಷ್ಟನ್ನು ಅದು ತಿಂದುಹಾಕುತ್ತದೆ.

ಕತ್ತಲ ಕಣ್ಣು ಬೇರೆಯೇ ಕಣ್ಣು. ರೆಟಿನಾದಲ್ಲಿ ಬಣ್ಣ ಮತ್ತು ಸೂಕ್ಷ್ಮ ಗುರುತಿಸುವ ಕೋನ್ ಕೋಶಗಳು ಸುಮಾರು 60 ಲಕ್ಷ, ಮಂದ ಬೆಳಕಿಗೆ ಸ್ಪಂದಿಸುವ ರಾಡ್ ಕೋಶಗಳು ಸುಮಾರು 12 ಕೋಟಿ. ಬೆಳಕಿನಿಂದ ಕತ್ತಲಿಗೆ ಬಂದರೆ ಕೋನ್‌ಗಳು ಹತ್ತು ನಿಮಿಷದೊಳಗೆ ಹೊಂದಿಕೊಳ್ಳುತ್ತವೆ. ರಾಡ್‌ಗಳಿಗೆ ಅರ್ಧ ಗಂಟೆಯಾದರೂ ಬೇಕು. ನಡುವೆ ಒಂದು ಸಲ ಮೊಬೈಲ್ ತೆರೆದಿರೋ, ಲೆಕ್ಕ ಮತ್ತೆ ಮೊದಲಿನಿಂದ. ತುಮಕೂರು ಜಿಲ್ಲೆಯ ನಾಗವಲ್ಲಿ ಕಡೆ ಕಾಡುಪಾಪ ಹುಡುಕುವವರು ಟಾರ್ಚಿಗೆ ಕೆಂಪು ಹಾಳೆ ಕಟ್ಟಿಕೊಳ್ಳಬೇಕು. ಕೆಂಪು ಬೆಳಕು ರಾಡ್‌ಗಳನ್ನು ಅಷ್ಟಾಗಿ ಕೆಣಕುವುದಿಲ್ಲ. ಆ ಪುಟ್ಟ ಪ್ರಾಣಿಯ ದೊಡ್ಡ ಕಣ್ಣಿಗೂ ಹಿಂಸೆ ಕಡಿಮೆ. ನನಗೆ ಈ ಎರಡನೆಯ ಕಾರಣವೇ ದೊಡ್ಡದು. ಇನ್ನೊಂದು ಗುಟ್ಟಿದೆ. ರೆಟಿನಾದ ನಟ್ಟನಡುವೆ ರಾಡ್‌ಗಳೇ ಇಲ್ಲ. ಹಾಗಾಗಿ ಕತ್ತಲಲ್ಲಿ ಮಸುಕಾದ ವಸ್ತುವನ್ನು ನೇರ ನೋಡಿದರೆ ಮಾಯವಾಗುತ್ತದೆ, ಒಂಚೂರು ಪಕ್ಕಕ್ಕೆ ನೋಡಿದರೆ ಕಾಣುತ್ತದೆ. ವಿಟಮಿನ್ ಎ ಕೊರತೆಯಿಂದ ಬರುವ ಇರುಳುಗುರುಡಿಗೆ ನುಗ್ಗೆ ಸೊಪ್ಪು, ಪಪ್ಪಾಯಿ, ಕ್ಯಾರೆಟ್ ನಿಜಕ್ಕೂ ಬೇಕು. ಕೊರತೆ ಇಲ್ಲದವರು ಎಷ್ಟು ತಿಂದರೂ ಕಣ್ಣು ಇನ್ನಷ್ಟು ಚೂಪಾಗುವುದಿಲ್ಲ. ಕಣ್ಣಿನ ವ್ಯಾಯಾಮದಿಂದ ಕನ್ನಡಕ ಬಿಸಾಡಬಹುದು ಎಂಬ ಮಾತನ್ನೂ ದಯವಿಟ್ಟು ನಂಬಬೇಡಿ.

ಬೈನಾಕ್ಯುಲರ್ ಕೊಳ್ಳುವಾಗ ಎಲ್ಲರೂ ಕೇಳುವುದು ಒಂದೇ, ‘ಎಷ್ಟು ದೂರ ಕಾಣುತ್ತೆ?’ ಕೇಳಬೇಕಾದ್ದು ಬೇರೆ. ಅದರ ಮೇಲೆ 8x42 ಎಂದು ಬರೆದಿರುತ್ತದೆ. 8 ಎಂದರೆ ಎಂಟು ಪಟ್ಟು. 100 ಮೀಟರಿನ ಹಕ್ಕಿ ಹನ್ನೆರಡೂವರೆ ಮೀಟರಿನಲ್ಲಿ ಕೂತ ಹಾಗೆ. ಹಿಂದೆ ಹೇಳಿದ 3 ಸೆಂಟಿಮೀಟರಿನ ಲೆಕ್ಕ ಈಗ 4 ಮಿಲಿಮೀಟರಿಗೂ ಕಡಿಮೆ. ಮಿಂಚುಳ್ಳಿಯ ಕೊಕ್ಕಿನ ಬಣ್ಣ ಸಲೀಸಾಗಿ ಸಿಗುತ್ತದೆ. 42 ಎಂದರೆ ಮುಂದಿನ ಗಾಜಿನ ಅಗಲ, ಮಿಲಿಮೀಟರಿನಲ್ಲಿ. 42ನ್ನು 8ರಿಂದ ಭಾಗಿಸಿದರೆ 5.25. ಹಿಂಬದಿಯಿಂದ ಹೊರಬರುವ ಬೆಳಕಿನ ಕಂಬದ ಅಗಲ ಇದು. ನಡುಹಗಲಲ್ಲಿ ನಿಮ್ಮ ಪಾಪೆಯೇ 2-3 ಮಿಲಿಮೀಟರ್ ಇರುತ್ತದೆ. ಆಗ ಜೇಬಿನಲ್ಲಿ ಹಿಡಿಯುವ 8x25 ಕೂಡ ಅಷ್ಟೇ ಬೆಳಗಿ ತೋರಿಸುತ್ತದೆ. ಕಬಿನಿಯ ನಸುಕಿನಲ್ಲಿ ಪಾಪೆ 5-6 ಮಿಲಿಮೀಟರಿಗೆ ಅರಳಿದಾಗ 42ರ ಬೆಲೆ ತಿಳಿಯುತ್ತದೆ. ವಯಸ್ಸಾದಂತೆ ಪಾಪೆ ಅಷ್ಟು ಅರಳುವುದಿಲ್ಲ. ಹಾಗಾಗಿ ಅರವತ್ತು ದಾಟಿದವರು ಇನ್ನೂ ಭಾರದ್ದನ್ನು ಹೊತ್ತು ಕುತ್ತಿಗೆ ನೋಯಿಸಿಕೊಳ್ಳಬೇಕಾದ್ದಿಲ್ಲ.

ಪಟ್ಟು ಹೆಚ್ಚಿದಷ್ಟೂ ಕೈ ನಡುಕವೂ ಅಷ್ಟೇ ಪಟ್ಟು ಹೆಚ್ಚುತ್ತದೆ. ದೋಣಿಯಲ್ಲಿ, ಜೀಪಿನಲ್ಲಿ 10ಕ್ಕಿಂತ 8ರಲ್ಲೇ ಜಾಸ್ತಿ ವಿವರ ಕಂಡದ್ದು ನನ್ನ ಅನುಭವ. ಮೊಣಕೈಗಳನ್ನು ಪಕ್ಕೆಗೆ ಒತ್ತಿ ಹಿಡಿಯಿರಿ, ಉಸಿರು ಅರ್ಧ ಬಿಟ್ಟು ನೋಡಿ.

ಅದಕ್ಕಿಂತ ಮುಖ್ಯ, ಅದನ್ನು ನಿಮ್ಮ ಕಣ್ಣಿಗೆ ಹೊಂದಿಸಿಕೊಳ್ಳುವುದು. ಎರಡು ಕೊಳವೆಯನ್ನು ಮಡಚಿ ಬಿಚ್ಚಿ ಒಂದೇ ಗುಂಡು ಕಾಣುವ ಹಾಗೆ ಮಾಡಿ. ಬಲಗಡೆಯ ಮುಂದಿನ ಗಾಜನ್ನು ಕೈಯಿಂದ ಮುಚ್ಚಿ, ನಡುವಿನ ಚಕ್ರ ತಿರುಗಿಸಿ ಎಡಗಣ್ಣಿಗೆ ಒಂದು ಬೋರ್ಡನ್ನು ಚೂಪು ಮಾಡಿಕೊಳ್ಳಿ. ಈಗ ಎಡಗಡೆ ಮುಚ್ಚಿ, ಚಕ್ರ ಮುಟ್ಟದೆ, ಬಲಗಣ್ಣಿನ ಬಳಿ ಇರುವ ಚಿಕ್ಕ ಬಳೆಯನ್ನು ಮಾತ್ರ ತಿರುಗಿಸಿ ಅದೇ ಬೋರ್ಡನ್ನು ಚೂಪು ಮಾಡಿ. ಬಳೆಯ ಗುರುತು ನೆನಪಿಡಿ. ಇಡೀ ಗುಂಪು ಒಂದೇ ಬೈನಾಕ್ಯುಲರನ್ನು ಕೈಯಿಂದ ಕೈಗೆ ದಾಟಿಸುವಾಗ ಈ ಬಳೆ ಯಾರದೋ ಕಣ್ಣಿನ ಲೆಕ್ಕದಲ್ಲಿ ಉಳಿದುಬಿಡುತ್ತದೆ. ‘ಇದು ಸರಿಯಿಲ್ಲ’ ಎಂದು ಮೂಲೆಗೆ ಹಾಕಿದ ಒಳ್ಳೊಳ್ಳೆಯ ಬೈನಾಕ್ಯುಲರ್‌ಗಳನ್ನು ನಾನು ಹೀಗೆ ಬಳೆ ತಿರುಗಿಸಿಯೇ ಸರಿ ಮಾಡಿ ಕೊಟ್ಟಿದ್ದೇನೆ. ಕನ್ನಡಕ ಹಾಕುವವರು ಹಿಂಬದಿಯ ರಬ್ಬರ್ ಕಪ್ಪನ್ನು ಒಳಕ್ಕೆ ಇಳಿಸಬೇಕು. ಇಲ್ಲದಿದ್ದರೆ ಅರ್ಧ ದೃಶ್ಯವೇ ಕಾಣುವುದಿಲ್ಲ.

ಯಾವ ಗಾಜಿನಿಂದಲೂ ಗೆಲ್ಲಲಾಗದ್ದು ಒಂದಿದೆ. ಹೆಸರಘಟ್ಟದ ಹುಲ್ಲುಗಾವಲಿನಲ್ಲಿ ಬಿಸಿಲೇರಿದ ಮೇಲೆ ನೆಲದ ಗಾಳಿ ಕುದಿಯತೊಡಗುತ್ತದೆ. ದೂರದ ಹಕ್ಕಿ ನೀರಿನೊಳಗಿನ ಹಾಗೆ ನಡುಗುತ್ತದೆ. ಎಷ್ಟು ಫೋಕಸ್ ಮಾಡಿದರೂ ಅಷ್ಟೇ. ಬೇಗ ಎದ್ದು ಹೋಗಬೇಕು, ಬೇರೆ ದಾರಿ ಇಲ್ಲ.

ಮಳೆಗಾಲದಲ್ಲಿ ಘಟ್ಟಕ್ಕೆ ಹೋಗುವವರ ಗೋಳು ಆವಿ. ಎಸಿ ಕಾರಿನಿಂದ ಇಳಿದ ಕೂಡಲೇ ತಣ್ಣಗಿನ ಗಾಜಿನ ಮೇಲೆ ತೇವದ ಗಾಳಿ ಹನಿಗಟ್ಟುತ್ತದೆ. ಕೊನೆಯ ಹದಿನೈದು ನಿಮಿಷ ಎಸಿ ಆರಿಸಿ ಕಿಟಕಿ ತೆರೆದರೆ ಗಾಜು ಹೊರಗಿನ ಬಿಸಿಗೆ ಬಂದಿರುತ್ತದೆ. ಮನೆಗೆ ಬಂದ ಮೇಲೆ ಬೈನಾಕ್ಯುಲರನ್ನು ಸಿಲಿಕಾ ಜೆಲ್ ಜೊತೆ ಮುಚ್ಚಿದ ಡಬ್ಬಿಯಲ್ಲಿಡಿ. ಇಲ್ಲದಿದ್ದರೆ ನಮ್ಮ ಮಲೆನಾಡಿನ ತೇವಕ್ಕೆ ಒಳಗಿನ ಗಾಜಿಗೆ ಬೂಷ್ಟು ಹಿಡಿಯುತ್ತದೆ. ಮಳೆಯಲ್ಲಿ ಕಾಂಟ್ಯಾಕ್ಟ್ ಲೆನ್ಸ್ ಅನುಕೂಲ, ನಿಜ. ಆದರೆ ಅದನ್ನು ಹಳ್ಳದ ನೀರಿನಲ್ಲಿ ತೊಳೆಯಬೇಡಿ, ನಲ್ಲಿ ನೀರಿನಲ್ಲೂ ಬೇಡ. ನೀರಿನಲ್ಲಿರುವ ಅಕಾಂತಮೀಬಾ ಎಂಬ ಸೂಕ್ಷ್ಮಜೀವಿ ಕಾರ್ನಿಯಾವನ್ನೇ ತಿನ್ನಬಲ್ಲದು. ದಿನಕ್ಕೊಂದು ಹಾಕಿ ಬಿಸಾಡುವ ಲೆನ್ಸ್ ಒಯ್ಯುವುದು ಕ್ಷೇಮ.

ಹಿಮಾಲಯದ ಚಾರಣಕ್ಕೆ ಈಗ ನಮ್ಮೂರುಗಳಿಂದಲೂ ತುಂಬಾ ಜನ ಹೋಗುತ್ತಾರೆ. ಅಲ್ಲಿ ಲೆಕ್ಕ ಬೇರೆ. 1000 ಮೀಟರ್ ಏರಿದಂತೆಲ್ಲ ನೇರಳಾತೀತ ಕಿರಣ ನೂರಕ್ಕೆ 10ರಷ್ಟು ಹೆಚ್ಚುತ್ತದೆ. ಹೊಸ ಹಿಮ ಅದರಲ್ಲಿ 80 ಪಾಲನ್ನು ಕೆಳಗಿನಿಂದ ಮತ್ತೆ ಮುಖಕ್ಕೆ ಎಸೆಯುತ್ತದೆ. ಹಿಮಗುರುಡು ಆ ಕ್ಷಣಕ್ಕೆ ಗೊತ್ತಾಗುವುದೇ ಇಲ್ಲ. ಕೆಲವು ಗಂಟೆ ಕಳೆದು, ರಾತ್ರಿ ಟೆಂಟಿನಲ್ಲಿ ಕಣ್ಣಿಗೆ ಮರಳು ತುಂಬಿದಂತೆ ಉರಿ ಶುರುವಾಗುತ್ತದೆ. ಪಕ್ಕದಿಂದಲೂ ಬೆಳಕು ನುಗ್ಗದಂತೆ ಮುಚ್ಚುವ ಕಪ್ಪು ಕನ್ನಡಕ ಅಲ್ಲಿ ಬೂಟಿನಷ್ಟೇ ಅಗತ್ಯ. ಕಣ್ಣಿಗೆ ಹಿಂದೆ ಆಪರೇಷನ್ ಆಗಿದ್ದರೆ ವೈದ್ಯರನ್ನು ಕೇಳದೆ ಎತ್ತರಕ್ಕೆ ಹೋಗಬೇಡಿ. ಅಮೆರಿಕದ ವೈದ್ಯ ಬೆಕ್ ವೆದರ್ಸ್ ನಂಬರ್ ತೆಗೆಸಲು ಕಾರ್ನಿಯಾಕ್ಕೆ ಸೀಳು ಹಾಕುವ ಹಳೆಯ ಬಗೆಯ ಆಪರೇಷನ್ ಮಾಡಿಸಿಕೊಂಡಿದ್ದರು. 1996ರ ಮೇ ತಿಂಗಳಲ್ಲಿ ಎವರೆಸ್ಟ್ ಏರುವಾಗ ಆಮ್ಲಜನಕ ಕಡಿಮೆಯಾಗಿ ಅವರ ಕಾರ್ನಿಯಾದ ಆಕಾರ ಬದಲಾಯಿತು, ಅರ್ಧ ದಾರಿಯಲ್ಲೇ ಕಣ್ಣು ಮಂಜಾಯಿತು. ಲೇಸರಿನಿಂದ ನಂಬರ್ ತೆಗೆಯುವ ಇಂದಿನ ಲೇಸಿಕ್‌ನಲ್ಲಿ ಈ ಏರುಪೇರು ತುಂಬಾ ಕಡಿಮೆ. ಆದರೂ ಕೇಳಿಕೊಂಡು ಹೋಗುವುದು ಒಳ್ಳೆಯದು. ಇನ್ನು, ಕಣ್ಣ ಮುಂದೆ ಒಮ್ಮೆಲೇ ಮಿಂಚು ಹೊಡೆದಂತಾದರೆ, ಕಪ್ಪು ಚುಕ್ಕೆಗಳ ಮಳೆ ಸುರಿದಂತಾದರೆ, ಒಂದು ಬದಿಯಿಂದ ಪರದೆ ಇಳಿದಂತಾದರೆ ಚಾರಣ ಅಲ್ಲಿಗೇ ನಿಲ್ಲಿಸಿ. ರೆಟಿನಾ ಕಳಚುತ್ತಿರಬಹುದು. ಅದೇ ದಿನ ಆಸ್ಪತ್ರೆ ಸೇರಬೇಕು.

ಇಷ್ಟೆಲ್ಲ ಸರಿ ಇದ್ದರೂ ಕಣ್ಣು ಚೂಪಾಗಿ ಕಾಣುವ ಜಾಗ ತುಂಬಾ ಚಿಕ್ಕದು. ಕೈ ಪೂರ್ತಿ ಚಾಚಿ ಹೆಬ್ಬೆರಳು ಎತ್ತಿ ಹಿಡಿದರೆ ಉಗುರು ಎಷ್ಟು ಜಾಗ ಮುಚ್ಚುತ್ತದೋ ಹೆಚ್ಚುಕಡಿಮೆ ಅಷ್ಟೇ. ಉಳಿದದ್ದೆಲ್ಲ ಮಬ್ಬು. ಅಲ್ಲಿ ಏನಾದರೂ ಅಲುಗಿದರೆ ಮಾತ್ರ ನಮಗೆ ಸುದ್ದಿ ಬರುತ್ತದೆ. ಮೊಸಳೆ ಅಲುಗುವುದಿಲ್ಲ. ಕಣ್ಣು ಒಂದೆಡೆಯಿಂದ ಇನ್ನೊಂದೆಡೆಗೆ ಜಿಗಿಯುವ ಕ್ಷಣದಲ್ಲಿ ಮಿದುಳು ಹೆಚ್ಚುಕಡಿಮೆ ಏನನ್ನೂ ನೋಡುವುದಿಲ್ಲ. ಹಾಗಾಗಿ ದಡದ ಉದ್ದಕ್ಕೂ ಸರಸರ ಕಣ್ಣಾಡಿಸುವುದರಿಂದ ಪ್ರಯೋಜನ ಇಲ್ಲ. ಒಂದು ತುಂಡು ನೋಡಬೇಕು, ನಿಲ್ಲಬೇಕು, ಪಕ್ಕದ ತುಂಡಿಗೆ ಹೋಗಬೇಕು. ಎಲ್ಲಿ ನಿಲ್ಲಬೇಕು ಎಂಬುದು ಹುಟ್ಟು ಹಾಕುವವರಿಗೆ ಗೊತ್ತಿತ್ತು.

‘ನಿಮಗೆ ಹೇಗಣ್ಣಾ ಅಷ್ಟು ಬೇಗ ಕಾಣುತ್ತೆ?’ ಎಂದು ಕೇಳಿದೆ.

‘ಬಂಡೆ ನೋಡಬೇಡಿ ಸಾರ್, ಬಂಡೆ ಅಂಚು ನೋಡಿ’ ಎಂದರು. ‘ಬಂಡೆ ಅಂಚು ಗುಂಡಗೆ ಇರುತ್ತೆ. ಇದರ ಬಾಲದ ಮೇಲೆ ಗರಗಸದ ಹಲ್ಲು ಇರುತ್ತೆ.’

ಆಗಲೂ ನನಗೆ ಕಾಣಲಿಲ್ಲ. ಅವರು ದೋಣಿಯನ್ನು ಸ್ವಲ್ಪ ತಿರುಗಿಸಿದರು. ಸೂರ್ಯ ಬೆನ್ನ ಹಿಂದೆ ಹೋದ. ಟೋಪಿ ಕೆಳಕ್ಕೆ ಎಳೆದು, ಕನ್ನಡಕ ಒರೆಸಿ, ಬಂಡೆಯ ಎಡ ತುದಿಯಿಂದ ಅಂಚಿನ ಗುಂಟ ನಿಧಾನವಾಗಿ ಬಂದೆ. ನೀರು ಮುಟ್ಟುವ ಕಡೆ, ಬಂಡೆಯ ನೆರಳಿನ ಮೇಲೆ, ಐದಾರು ಚಿಕ್ಕ ಹಲ್ಲು ಸಾಲಾಗಿ ನಿಂತಿದ್ದವು.